ಟೋಪಿಯಮ್ಮನ ಲಾಂಡ್ರಿ

ಮಾರ್ಚ್ 4

ಅಕ್ಕಾ,

ಇಲ್ಲಿ ಮನೆ ನಿಂತಿದೆ, ನಾನೂ ನಿಂತಿದ್ದೇನೆ, ಚಿಕ್ಕಪ್ಪನ ಸೊಂಟ ಮಾತ್ರ ಹಿಡಿದುಕೊಂಡಿದೆ. ಫೋನ್ ಮಾಡಲಿಲ್ಲವೆಂದು ಕೋಪ ಮಾಡಿಕೊಳ್ಳಬೇಡ. ಮುಖ ಕಾಣದೆ ಬರೀ ಧ್ವನಿ ಬಂದರೆ ನನಗಿನ್ನೂ ಅಳುಕು. ಬರೆಯುವಾಗ ನನ್ನ ಮಾತು ಯಾವುದು, ಉಳಿದದ್ದು ಯಾವುದು ಎಂದು ನನಗೇ ಗೊತ್ತಾಗುತ್ತದೆ.

ಆಸ್ಪತ್ರೆಯಿಂದ ಬಂದ ಮೇಲೆ ಗೋಡೆ ನೋಡಿಕೊಂಡು ಕೂತಿದ್ದೆನಲ್ಲ, ಡಾಕ್ಟರು ಒಂದು ವಿಳಾಸ ಕೊಟ್ಟರು. ರೈಲ್ವೆ ಸೇತುವೆಯಾಚೆ ಒಂದು ಹಳೇ ಲಾಂಡ್ರಿ. ಹಿಂದೆ ಹೋಟೆಲುಗಳ ಹಾಸಿಗೆ ಬಟ್ಟೆಯೆಲ್ಲ ಅಲ್ಲಿ ಒಗೆಯುತ್ತಿದ್ದರಂತೆ. ಈಗ ಆ ದೊಡ್ಡ ತೊಟ್ಟಿಗಳಲ್ಲಿ ಜೇಡಿಮಣ್ಣು ನೆನೆಹಾಕಿದ್ದಾರೆ. ಬಟ್ಟೆ ಒಣಗಿಸುತ್ತಿದ್ದ ಹಗ್ಗಗಳಲ್ಲಿ ಗೊಂಬೆಗಳು ತೂಗಾಡುತ್ತಿರುತ್ತವೆ. ನನ್ನ ಹಾಗೆ ತಲೆ ಕೆಟ್ಟು ಸ್ವಲ್ಪ ಸರಿಹೋದವರು, ಇನ್ನೂ ಸರಿಹೋಗುತ್ತಿರುವವರು ಬಂದು ಏನಾದರೂ ಮಾಡುತ್ತಾರೆ. ಏನೂ ಮಾಡದೆ ಕೂತರೂ ಯಾರೂ ಕೇಳುವುದಿಲ್ಲ. ಗಣಿತದ ಮೇಷ್ಟ್ರೊಬ್ಬರಿದ್ದಾರೆ, ಮಗ್ಗದ ಮುಂದೆ ಕೂತು ಬೆಳಗಿನಿಂದ ನೇಯ್ದದ್ದನ್ನು ಸಂಜೆ ಬಿಚ್ಚಿಬಿಡುತ್ತಾರೆ. "ಉತ್ತರ ತಪ್ಪಾಯ್ತು ಕಣಯ್ಯಾ" ಎನ್ನುತ್ತಾರೆ.

ನಡೆಸುವವರು ಒಬ್ಬ ಹೆಂಗಸು. ಒಳಗಿರಲಿ ಹೊರಗಿರಲಿ, ತಲೆಯ ಮೇಲೆ ಉಲ್ಲನ್ ಟೋಪಿ. ಎಲ್ಲರೂ ಟೋಪಿಯಮ್ಮ ಎನ್ನುತ್ತೇವೆ. ಮೊದಲ ದಿನ ನಾನು ಬಾಗಿಲಲ್ಲೇ ನಿಂತಿದ್ದೆ. ಅವರು ಒಳಗೆ ಬಾ ಎನ್ನಲೂ ಇಲ್ಲ, ಯಾಕೆ ನಿಂತೆ ಎಂದೂ ಕೇಳಲಿಲ್ಲ. ಒಂದು ಲೋಟ ಟೀ ತಂದು ಹೊಸ್ತಿಲ ಮೇಲಿಟ್ಟು ಹೋದರು.

ನಾನು ಕಿವಿ ಮಾಡುತ್ತಿದ್ದೇನೆ ಅಕ್ಕಾ. ಮಣ್ಣಿನ ಕಿವಿ. ಒಂದೊಂದೂ ಬೇರೆ ಥರ. ಯಾಕೆ ಅಂತ ಗೊತ್ತಿಲ್ಲ, ಕೈ ಅದನ್ನೇ ಮಾಡುತ್ತದೆ.

ಮಾತ್ರೆ ತಪ್ಪಿಸಿಲ್ಲ.

ನಿನ್ನ ತಮ್ಮ

*

ಮಾರ್ಚ್ 15

ತಮ್ಮಾ,

ನಿನ್ನ ಪತ್ರ ಮೂರು ಸಲ ಓದಿದೆ.

ಆ ಹೆಂಗಸಿನ ಹೆಸರೇ ಟೋಪಿ! ಊರಿಗೆಲ್ಲ ಟೋಪಿ ಹಾಕುವವಳು ತನ್ನ ತಲೆಗೂ ಒಂದು ಹಾಕಿಕೊಂಡಿದ್ದಾಳೆ, ಅಷ್ಟೇ. ಬಿಟ್ಟಿ ಟೀ, ಬಿಟ್ಟಿ ಮಣ್ಣು, ಬಿಟ್ಟಿ ಪ್ರೀತಿ. ಬೆಳ್ಳಗಿರುವುದೆಲ್ಲ ಹಾಲಲ್ಲ ಕಣೋ. ನಾನು ಇಡೀ ದಿನ ಬಿಳಿ ದೀಪದ ಕೆಳಗೆ ಗುಂಡಿ ನೋಡುವವಳು. ಅಂಗಿಗೆ ಹಾಕುವ ಗುಂಡಿ ಮೇಲಿನಿಂದ ಹೊಳೆಯುತ್ತಿರುತ್ತದೆ, ತಿರುಗಿಸಿದರೆ ಕೂದಲೆಳೆಯಷ್ಟು ಬಿರುಕು. ನಮ್ಮ ಕಾರ್ಖಾನೆಯಲ್ಲಿ ನನ್ನ ಕಣ್ಣು ತಪ್ಪಿಸಿ ಒಂದು ಒಡಕು ಗುಂಡಿಯೂ ಹೊರಗೆ ಹೋಗಿಲ್ಲ. ನಿನ್ನ ಟೋಪಿಯಮ್ಮನನ್ನು ಒಂದು ಸಲ ತಿರುಗಿಸಿ ನೋಡಬೇಕು ಅನ್ನಿಸುತ್ತಿದೆ.

ಕೇಳಿದ್ದಕ್ಕೆ ಸರಿಯಾಗಿ ಉತ್ತರ ಬರೆ. ಯಾವುದಕ್ಕಾದರೂ ಸಹಿ ಹಾಕಿಸಿಕೊಂಡರಾ? ಮನೆ ಯಾರ ಹೆಸರಲ್ಲಿದೆ ಎಂದು ಕೇಳಿದರಾ? ನೀನು ಮಾಡಿದ ಕಿವಿಗಳನ್ನು ಎಲ್ಲಿಡುತ್ತಾರೆ, ಯಾರಿಗೆ ತೋರಿಸುತ್ತಾರೆ? ಲಿಫ್ಟ್ ರಿಪೇರಿ ಮಾಡುತ್ತಿದ್ದವನ ಕೈಗೆ ಮಣ್ಣು ಕೊಟ್ಟು ಕಿವಿ ಮಾಡು ಎಂದರೆ ಅದರಲ್ಲಿ ಏನೋ ಉದ್ದೇಶ ಇರಬೇಕು. ನಿನಗೆ ಏನು ಕೇಳಿಸುತ್ತಿತ್ತು ಎಂದು ತಿಳಿದುಕೊಳ್ಳುವುದಕ್ಕೇ ಇರಬೇಕು.

ಅಮ್ಮನ ವಿಷಯ ಯಾರು ಕೇಳಿದರೂ ಬಾಯಿ ಬಿಡಬೇಡ. ಅದು ನಮ್ಮ ಮನೆಯೊಳಗಿನ ಮಾತು.

ನನ್ನ ಚಿಂತೆ ಬೇಡ. ಇಲ್ಲಿ ಎಲ್ಲ ಸರಿಯಾಗಿದೆ. ನಿದ್ದೆ ಸ್ವಲ್ಪ ಕಡಿಮೆ, ಅಷ್ಟೇ.

ಅಕ್ಕ

*

ಮಾರ್ಚ್ 27

ಅಕ್ಕಾ,

ಸಹಿ ಇಲ್ಲ. ಮನೆಯ ಮಾತು ಇಲ್ಲ. ಕಿವಿಗಳು ಕಿಟಕಿಯ ಮೇಲೆ ಒಣಗುತ್ತಿವೆ.

ಈಗ ನಾನೊಂದು ಕೇಳುತ್ತೇನೆ. ಚಿಕ್ಕಪ್ಪನನ್ನು ಕಳಿಸಿದ್ದು ನೀನೇ ತಾನೆ?

ಏನಾಯಿತೆಂದು ಹೇಳುತ್ತೇನೆ, ನಗಬೇಡ, ಯಾಕೆಂದರೆ ಆವತ್ತು ನನಗೆ ನಗು ಬಂದಿರಲಿಲ್ಲ. ಸೋಮವಾರ ಮನೆಯಿಂದ ಹೊರಟಾಗಿನಿಂದ ಯಾರೋ ಹಿಂದೆ ಬರುತ್ತಿದ್ದಾರೆ ಅನ್ನಿಸಿತು. ನಿಂತರೆ ನಿಲ್ಲುತ್ತಾರೆ, ನಡೆದರೆ ನಡೆಯುತ್ತಾರೆ. ತಿರುಗಿ ನೋಡಿದರೆ ಯಾರೂ ಇಲ್ಲ. ಹೋದ ವರ್ಷ ಶುರುವಾದದ್ದೂ ಹೀಗೇ ಅಲ್ಲವೇ? ಮತ್ತೆ ಬಂತು, ಎಲ್ಲ ಮುಗಿಯಿತು ಅಂದುಕೊಂಡೇ ಲಾಂಡ್ರಿಗೆ ಓಡಿದೆ. ಮೈಯೆಲ್ಲ ಬೆವರು. ಟೋಪಿಯಮ್ಮನ ಹತ್ತಿರ ಹೋಗಿ, "ಆ ಕಂಬದ ಹಿಂದೆ ಯಾರೋ ನಿಂತಿದ್ದಾರೆ ಅನ್ನಿಸ್ತಿದೆ" ಅಂದೆ. ಯಾರಿಗೇ ಹೇಳಿದರೂ 'ಯಾರೂ ಇಲ್ಲಪ್ಪಾ, ಅದು ನಿನ್ನ ಭ್ರಮೆ' ಅನ್ನುತ್ತಿದ್ದರು. ಅವರು ಹಾಗನ್ನಲಿಲ್ಲ. ಟೋಪಿ ಸರಿಮಾಡಿಕೊಂಡು ಹೊರಗೆ ಹೋಗಿ, ನೋಡಿ, ವಾಪಸು ಬಂದು ಹೇಳಿದರು:

"ಇದಾರೆ. ಕಪ್ಪು ಕನ್ನಡಕ, ಕೈಯಲ್ಲಿ ಪೇಪರು. ಪೇಪರು ತಲೆಕೆಳಗಾಗಿದೆ."

ಚಿಕ್ಕಪ್ಪ! ಕ್ಷೌರದಂಗಡಿಯಲ್ಲಿ ನಲವತ್ತು ವರ್ಷ ಕತ್ತರಿ ಹಿಡಿದು ಊರಿನ ಸುದ್ದಿಯೆಲ್ಲ ಗಟ್ಟಿಯಾಗಿ ಹೇಳಿದ ಮನುಷ್ಯನಿಗೆ ಗೂಢಚಾರನ ಕೆಲಸ ಕೊಟ್ಟೆಯಲ್ಲ ಅಕ್ಕಾ! ಕೇಳಿದರೆ "ನಾನು ಸುಮ್ನೆ ಗಾಳಿ ತಗೊಳ್ಳೋಕೆ ಬಂದಿದ್ದೆ" ಅಂದರು. ರೈಲ್ವೆ ಸೇತುವೆಯ ಕೆಳಗೆ ಎಂಥ ಗಾಳಿ?

ಟೋಪಿಯಮ್ಮ ಅವರಿಗೂ ಟೀ ಕೊಟ್ಟರು. ಚಿಕ್ಕಪ್ಪ ಮೊದಲು ಲೋಟ ಮೂಸಿ ನೋಡಿದರು. ಆಮೇಲೆ ಹಗ್ಗದ ಮೇಲಿನ ಗೊಂಬೆಗಳನ್ನು ನೋಡಿ, "ಯಾರ್ರೀ ಇದಕ್ಕೆ ಕೂದಲು ಅಂಟಿಸಿದ್ದು? ಪೊರಕೆ ಇದ್ದಂಗಿದೆ!" ಎಂದು ಬೈದು ಅಲ್ಲೇ ಕೂತುಬಿಟ್ಟರು. ಈಗ ದಿನಾ ನನಗಿಂತ ಮೊದಲೇ ಹೊರಡುತ್ತಾರೆ.

ಅನುಮಾನ ತಪ್ಪಲ್ಲ ಅಕ್ಕಾ. ಆದರೆ ನನ್ನ ಹಿಂದೆ ಇನ್ನು ಯಾರನ್ನೂ ಕಳಿಸಬೇಡ. ನಿನಗೆ ಅದು ಕಾಳಜಿ. ನನಗೆ ಅದು ಕಾಯಿಲೆಯ ಹೆಜ್ಜೆ ಸಪ್ಪಳ.

ತಮ್ಮ

*

ಏಪ್ರಿಲ್ 9

ತಮ್ಮಾ,

ಹೌದು, ನಾನೇ ಕಳಿಸಿದೆ. ಅದಕ್ಕೆ ನಾಚಿಕೆಯಿಲ್ಲ. ಹೋಗಿ ನೋಡಿ ಬರೆಯಿರಿ ಅಂದರೆ, ಚಿಕ್ಕಪ್ಪ ಎರಡು ಹಾಳೆ ತುಂಬ ಗೊಂಬೆಯ ಜಡೆಯ ಬಗ್ಗೆ ಬರೆದಿದ್ದಾರೆ. ಹೋದ ಪುಟ್ಟ ಬಂದ ಪುಟ್ಟ! ಅದು ಅವರ ಅಕ್ಷರವೇ ಎಂದು ನನಗೆ ಅನುಮಾನ. ಅವರು ಬರೆದರೆ ಸಾಲು ಮೇಲಕ್ಕೆ ಹೋಗುತ್ತಿತ್ತು, ಇದರಲ್ಲಿ ನೆಟ್ಟಗಿದೆ. ಪಕ್ಕದಲ್ಲಿ ಕೂತು ಯಾರೋ ಹೇಳಿ ಬರೆಸಿದ್ದಾರೆ. ನಿನ್ನ ಲಕೋಟೆಗೂ ಅಂಟು ಎರಡು ಸಲ ಹಾಕಿದಂತಿತ್ತು. ಆಕೆ ನಿಮ್ಮಿಬ್ಬರನ್ನೂ ಬುಟ್ಟಿಗೆ ಹಾಕಿಕೊಂಡಿದ್ದಾಳೆ.

ಇಲ್ಲಿಯೂ ಅಷ್ಟೇ, ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಇರಬೇಕಾಗಿದೆ. ಹೊಸ ಸೂಪರ್‌ವೈಸರ್ ಬಂದಿದ್ದಾನೆ. ನನ್ನ ಬೆನ್ನ ಹಿಂದೆಯೇ ನಿಲ್ಲುತ್ತಾನೆ. ನನ್ನ ಮೇಜಿನಲ್ಲಿ ಕೆಲಸ ಮಾಡುವ ಹೆಂಗಸರು ನಾನು ಬಂದ ಕೂಡಲೇ ಮಾತು ನಿಲ್ಲಿಸುತ್ತಾರೆ. ಈಗ ಊಟಕ್ಕೆ ಅವರ ಜೊತೆ ಕೂರುವುದಿಲ್ಲ, ಮೆಟ್ಟಿಲ ಕೆಳಗೆ ಒಬ್ಬಳೇ ತಿನ್ನುತ್ತೇನೆ. ಅದೇ ನೆಮ್ಮದಿ.

ವಿಷಯಕ್ಕೆ ಬರುತ್ತೇನೆ. ಆ ಲಾಂಡ್ರಿಗೆ ಹೋಗುವುದನ್ನು ನಿಲ್ಲಿಸು. ನನ್ನ ಊರಿನ ಅಂಚಿನಲ್ಲಿ ಒಂದು ಆರೈಕೆ ಮನೆಯಿದೆ, ಎತ್ತರದ ಗೋಡೆ, ಗೇಟಿಗೆ ಕಾವಲು. ಯಾರೂ ಒಳಗೆ ನುಗ್ಗುವ ಹಾಗಿಲ್ಲ. ಅಲ್ಲಿ ಮಾತಾಡಿ ಬಂದಿದ್ದೇನೆ. ಜೂನ್‌ನಲ್ಲಿ ನಿನಗೆ ಜಾಗ ಕೊಡುತ್ತಾರೆ. ಆಸ್ಪತ್ರೆಯವರು ನಿನ್ನ ಜವಾಬ್ದಾರಿ ಕೊಟ್ಟಿರುವುದು ನನಗೆ, ಟೋಪಿಗಲ್ಲ.

ಎದುರು ವಾದ ಬೇಡ. ನಾನು ಇರುವವರೆಗೆ ನಿನ್ನ ಕೂದಲು ಕೊಂಕಲು ಬಿಡುವುದಿಲ್ಲ.

ಅಕ್ಕ

*

ಏಪ್ರಿಲ್ 20

ಅಕ್ಕಾ,

ನಾನು ಬರುವುದಿಲ್ಲ.

ನಿನ್ನ ಪತ್ರ ಬಂದ ದಿನ ಲಾಂಡ್ರಿಯ ಬಾಗಿಲು ಊರಿನವರಿಗೆಲ್ಲ ತೆರೆದಿತ್ತು. ಬೀದಿಯವರು, ಬೇಕರಿಯವನು, ಎದುರಿನ ಶಾಲೆಯ ಟೀಚರುಗಳು, ಎಲ್ಲ ಬಂದಿದ್ದರು. ನನ್ನ ಕಿವಿಗಳನ್ನು ಗೋಡೆಗೆ ಹಾಕಿದ್ದರು. ಹಾಕುವ ಮುಂಚೆ ಟೋಪಿಯಮ್ಮ, "ಹೆಸರು ಬರೀಲಾ, ಬೇಡ್ವಾ?" ಎಂದು ಕೇಳಿದರು. ನಾನು ಬೇಡ ಅಂದೆ. ಬೇಡ ಅಂದದ್ದು ಬೇಡವಾಗಿಯೇ ಉಳಿಯಿತು. ಆಸ್ಪತ್ರೆಯಲ್ಲಿ ಎಷ್ಟೋ ಸಲ ಬೇಡ ಅಂದಿದ್ದೆ ಅಕ್ಕಾ, ಯಾವುದೂ ಉಳಿದಿರಲಿಲ್ಲ.

ವಯಸ್ಸಾದ ಹೆಂಗಸೊಬ್ಬರು ಒಂದು ಕಿವಿಯ ಹತ್ತಿರ ಬಾಯಿಟ್ಟು ಏನೋ ಪಿಸುಗುಟ್ಟಿದರು. ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಂಡು ಹೊರಟುಹೋದರು. ಅವರು ಏನು ಹೇಳಿದರೆಂದು ಯಾರಿಗೂ ಗೊತ್ತಿಲ್ಲ, ಯಾರೂ ಕೇಳಲಿಲ್ಲ. ಸಂಜೆವರೆಗೆ ಅಂಥವರು ಇನ್ನೂ ಕೆಲವರು. ನನಗೆ ಇಲ್ಲದ ಮಾತು ಕೇಳಿಸುತ್ತಿದ್ದಾಗ ಜನ ಹೆದರಿ ಓಡುತ್ತಿದ್ದರು. ಈಗ ನಿಂತು ಮಾತಾಡಿ ಹೋದರು.

ಅದೇ ಸಂಭ್ರಮದಲ್ಲಿ ಮನೆಗೆ ಬಂದರೆ ಬಾಗಿಲ ಸಂದಿಯಲ್ಲಿ ನಿನ್ನ ಪತ್ರ. ಎತ್ತರದ ಗೋಡೆ, ಗೇಟಿಗೆ ಕಾವಲು.

ಕೇಳಿಯೇಬಿಡುತ್ತೇನೆ. ನಾನು ಕಾಯಿಲೆಯವನಾಗಿಯೇ ಉಳಿದರೆ ನಿನಗೇನು ಅನುಕೂಲ? ಟೋಪಿಯಮ್ಮ ಮನೆಯ ಬಗ್ಗೆ ಒಂದು ಮಾತೂ ಕೇಳಿಲ್ಲ. ಮೊದಲ ಪತ್ರದಲ್ಲೇ ಕೇಳಿದವಳು ನೀನು. ನನ್ನನ್ನು ಗೋಡೆಯೊಳಗೆ ಹಾಕಿ ಈ ಮನೆಗೆ ಬೀಗ ಹಾಕುವ ಯೋಚನೆಯಿದ್ದರೆ ನೇರವಾಗಿ ಹೇಳು. ಬಳಸು ದಾರಿ ಯಾಕೆ?

ಚಿಕ್ಕಪ್ಪ ಇದನ್ನು ಓದಿ, "ಹೀಗೆಲ್ಲ ಬರೀಬೇಡ ಕಣೋ, ಅವಳು ಒಬ್ಬಳೇ ಇದಾಳೆ" ಅಂದರು. ಆದರೂ ಕಳಿಸುತ್ತಿದ್ದೇನೆ.

*

ಮೇ 2

ಅಕ್ಕಾ,

ನೀನು ಉತ್ತರ ಬರೆದಿಲ್ಲ. ಕೋಪ ಬಂದಿರಬೇಕು. ಬರಲಿ. ಬೈದಾದರೂ ಬರೆ.

ಮನೆಯ ಮಾತು ಬರೆದದ್ದು ಅತಿಯಾಯಿತು. ಆರೈಕೆ ಮನೆಗೆ ಬರುವುದಿಲ್ಲ ಎಂಬುದು ಮಾತ್ರ ಹಾಗೇ ಇದೆ.

ಕಾರ್ಖಾನೆಗೆ ಚಿಕ್ಕಪ್ಪ ಫೋನ್ ಮಾಡಿದ್ದರು. ನೀನು ರಜೆಯಲ್ಲಿದ್ದೀಯ ಅಂದರಂತೆ. ನೀನು ಯಾವತ್ತು ರಜೆ ಹಾಕಿದವಳು?

ತಮ್ಮ

*

ಮೇ 18

ಇದನ್ನು ಓದುತ್ತಿರುವವರಿಗೆ,

ನೀನು ನನ್ನ ತಮ್ಮನೇ ಆಗಿದ್ದರೆ ಕೋಪ ಮಾಡಿಕೊಳ್ಳಬೇಡ. ಆಗಿರದಿದ್ದರೆ, ನನಗೆ ಎಲ್ಲ ಗೊತ್ತಿದೆ ಎಂದು ತಿಳಿದುಕೋ.

ಕಾರ್ಖಾನೆಗೆ ಹೋಗುತ್ತಿಲ್ಲ. ಗುಂಡಿಗಳನ್ನು ಬೇಕೆಂದೇ ಒಂದು ಕ್ರಮದಲ್ಲಿ ನನ್ನ ಮುಂದೆ ಕಳಿಸುತ್ತಿದ್ದರು. ನಾಲ್ಕು ತೂತಿನದು, ಎರಡು ತೂತಿನದು, ಮತ್ತೆ ನಾಲ್ಕು. ಮೊದಲು ಅರ್ಥವಾಗಿರಲಿಲ್ಲ. ಅರ್ಥವಾದ ಮೇಲೆ ಅಲ್ಲಿ ಕೂರುವುದು ಹೇಗೆ? ಈಗ ಅದನ್ನೇ ಗೋಡೆಯೊಳಗೆ ಎಣಿಸುತ್ತಾರೆ. ಕೀಲಿ ತೂತಿಗೆ ಹತ್ತಿ ತುರುಕಿದ್ದೇನೆ.

ಎದುರು ಬೀದಿಯಲ್ಲಿ ಟೋಪಿ ಹಾಕಿದ ಹೆಂಗಸು ನಿಂತಿರುತ್ತಾಳೆ. ಬಸ್ಸಿಗೆ ಕಾಯುವವಳ ಹಾಗೆ. ಬಸ್ಸು ಬಂದರೂ ಹತ್ತುವುದಿಲ್ಲ.

ನನ್ನ ತಮ್ಮ ಆ ಥರ ಬರೆಯುವವನಲ್ಲ. ಮನೆ ಬೇಕಾ ಎಂದು ನನ್ನನ್ನು ಕೇಳುವವನಲ್ಲ. ಆ ಪತ್ರ ಬರೆಸಿದ್ದು ಯಾರೆಂದು ಗೊತ್ತು. ನೀನೇ ಆಗಿದ್ದರೆ ನಮ್ಮಿಬ್ಬರಿಗೆ ಮಾತ್ರ ಗೊತ್ತಿರುವ ಒಂದು ಸಂಗತಿ ಬರೆ. ಚಿಕ್ಕಪ್ಪನಿಗೂ ಗೊತ್ತಿರಬಾರದು. ಇಲ್ಲವಾದರೆ ಬರೆಯಲೇಬೇಡ.

*

ಮೇ 23

ಅಕ್ಕಾ,

ಆ ಪತ್ರ ಬರೆದದ್ದು ನಾನೇ. ಯಾರೂ ಬರೆಸಲಿಲ್ಲ. ಕೋಪ ನನ್ನದೇ, ತಪ್ಪಾಗಿ ತಿಳಿದದ್ದೂ ನಾನೇ. ನೀನು ನನ್ನನ್ನು ಕೂಡಿಹಾಕಲು ಗೋಡೆ ಹುಡುಕುತ್ತಿದ್ದೀಯ ಅಂದುಕೊಂಡಿದ್ದೆ. ನಿನಗೇ ಒಂದು ಗೋಡೆ ಬೇಕಾಗಿದೆ ಎಂದು ಹೊಳೆಯಲಿಲ್ಲ. ಮೆಟ್ಟಿಲ ಕೆಳಗೆ ಒಬ್ಬಳೇ ಊಟ ಮಾಡುತ್ತೇನೆ ಎಂದು ಬರೆದಿದ್ದೆಯಲ್ಲ, ಆಗಲೇ ತಿಳಿಯಬೇಕಿತ್ತು. ನನಗಿಂತ ಚೆನ್ನಾಗಿ ಇನ್ಯಾರಿಗೆ ತಿಳಿಯುತ್ತದೆ?

ನೀನು ಕೇಳಿದ ಸಂಗತಿ ಬರೆಯುತ್ತೇನೆ.

ನನಗೆ ಆರೋ ಏಳೋ ವರ್ಷ. ಅಪ್ಪ ಊರಿನಲ್ಲಿರಲಿಲ್ಲ. ಅಮ್ಮ ಕಿಟಕಿಗಳಿಗೆಲ್ಲ ಕಂಬಳಿ ಹೊಡೆದು, ಬಾಗಿಲಿಗೆ ಮೇಜು ಅಡ್ಡವಿಟ್ಟು, ಮಾತಾಡಬೇಡಿ, ಹೊರಗೆ ಕೇಳಿಸಿಕೊಳ್ಳುತ್ತಿದ್ದಾರೆ ಅಂದಳು. ನಾನು ಅಳಲು ಶುರುಮಾಡಿದೆ. ನೀನು ನನ್ನನ್ನು ತೊಡೆಯ ಮೇಲೆ ಕೂರಿಸಿಕೊಂಡು, "ಇದು ಸಿನಿಮಾ ಟಾಕೀಸು ಕಣೋ, ಅದಕ್ಕೇ ಕತ್ತಲು. ಗಲಾಟೆ ಮಾಡಿದ್ರೆ ಹೊರಗೆ ಹಾಕ್ತಾರೆ" ಎಂದು ಕಿವಿಯಲ್ಲಿ ಹೇಳಿದೆ. ಕಂಬಳಿಯ ತೂತಿನಿಂದ ಬರುತ್ತಿದ್ದ ಬಿಸಿಲಿಗೆ ಬೆರಳು ಹಿಡಿದು ಗೋಡೆಯ ಮೇಲೆ ಮೊಲ ಮಾಡಿದೆ, ಬಾತುಕೋಳಿ ಮಾಡಿದೆ. ನೀನು ಆಗ ಎಷ್ಟು ದೊಡ್ಡವಳು? ಹತ್ತು? ನಿನಗೆ ಯಾರು ಮೊಲ ಮಾಡಿ ತೋರಿಸಿದರು ಅಕ್ಕಾ?

ಅಪ್ಪನಿಗೂ ಹೇಳಬಾರದೆಂದು ನನ್ನಿಂದ ಮಾತು ತೆಗೆದುಕೊಂಡಿದ್ದೆ. ಇವತ್ತಿನವರೆಗೂ ಯಾರಿಗೂ ಹೇಳಿಲ್ಲ. ಡಾಕ್ಟರಿಗೂ ಇಲ್ಲ. ಈಗ ಬರೆದದ್ದು ನಿನಗೆ ಮಾತ್ರ.

ಗೋಡೆಯೊಳಗೆ ಎಣಿಸುತ್ತಿಲ್ಲ ಎಂದು ನಾನು ವಾದ ಮಾಡುವುದಿಲ್ಲ. ವಾದ ಮಾಡಿದವರನ್ನೆಲ್ಲ ನಾನು ಶತ್ರುಗಳ ಜೊತೆ ಸೇರಿಸಿದ್ದೆ. ನಡೆದದ್ದನ್ನು ಇದ್ದ ಹಾಗೆ ಹೇಳುತ್ತೇನೆ, ಮುಚ್ಚಿಡುವುದಿಲ್ಲ. ನಿನಗೆ ಹುಷಾರಿಲ್ಲ ಎಂದು ಟೋಪಿಯಮ್ಮನಿಗೆ ಹೇಳಿದೆ. ಪತ್ರ ತೋರಿಸಲಿಲ್ಲ. ಅವರು ಈ ಊರು ಬಿಟ್ಟು ಎಲ್ಲಿಗೂ ಹೋಗಿಲ್ಲ, ದಿನವೂ ನಾನು ನೋಡುತ್ತಿದ್ದೇನೆ. ಅವರು ಕೇಳಿದ್ದು ಒಂದೇ.

"ಹೋದ ವರ್ಷ ಬಾಗಿಲು ಹಾಕ್ಕೊಂಡು ಕೂತಿದ್ಯಲ್ಲ, ಆಗ ನಿಂಗೆ ಏನು ಬೇಕಿತ್ತು?"

"ಬಾಗಿಲು ಒಡೀದೆ ಯಾರಾದ್ರೂ ಹೊರಗಡೆ ಸುಮ್ನೆ ಕೂತಿದ್ದಿದ್ರೆ ಸಾಕಾಗಿತ್ತು" ಅಂದೆ.

"ಮತ್ತೆ ಇಲ್ಲಿ ಯಾಕಿದೀಯ?" ಅಂದರು.

ಗುರುವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ಒಬ್ಬನೇ. ಚಿಕ್ಕಪ್ಪ ಬರುತ್ತೇನೆಂದು ಹಟ ಹಿಡಿದರು, ನಾನು ಬೇಡ ಅಂದೆ. ನಿನ್ನ ಊರಿನ ಆಸ್ಪತ್ರೆಯಲ್ಲಿ ಒಬ್ಬ ಡಾಕ್ಟರಮ್ಮ ಇದ್ದಾರಂತೆ, ಅವರ ವಿಳಾಸ ನನ್ನ ಜೇಬಿನಲ್ಲಿರುತ್ತದೆ. ಅದನ್ನು ನಿನ್ನ ಕೈಗೆ ಕೊಡುತ್ತೇನೆ. ಯಾವಾಗ ಹೋಗುವುದು ಎಂದು ಇಬ್ಬರೂ ಕೂತು ಮಾತಾಡೋಣ.

ತಮ್ಮ

*

ಮೇ 28, ಗುರುವಾರ. ಬಾಗಿಲ ಹೊರಗಿನಿಂದ

ಅಕ್ಕಾ, ನಾನು. ತಟ್ಟಿದ್ದು ನಾನೇ. ಮತ್ತೆ ತಟ್ಟುವುದಿಲ್ಲ, ಕೂಗುವುದೂ ಇಲ್ಲ. ಧ್ವನಿ ಕೇಳಿದರೆ ನಂಬುವುದು ಕಷ್ಟ ಎಂದು ನನಗೆ ಗೊತ್ತು. ಅದಕ್ಕೇ ಬರೆದು ಬಾಗಿಲ ಕೆಳಗಿನಿಂದ ತಳ್ಳುತ್ತಿದ್ದೇನೆ. ಮೆಟ್ಟಿಲ ಮೇಲೆ ಕೂತಿರುತ್ತೇನೆ. ನನಗೇನೂ ಅವಸರವಿಲ್ಲ.

*

ಮೇ 28. ಒಳಗಿನಿಂದ

ಯಾರು ಕಳಿಸಿದರು?

*

ಮೇ 28. ಹೊರಗಿನಿಂದ

ನಾನೇ ಬಂದೆ. ಟೋಪಿಯಮ್ಮನಿಗೂ ಚಿಕ್ಕಪ್ಪನಿಗೂ ಗೊತ್ತು. ಇನ್ಯಾರಿಗೂ ಹೇಳಿಲ್ಲ.

*

ಮೇ 28. ಒಳಗಿನಿಂದ

ಸುಳ್ಳು. ಜೊತೆಗೆ ಯಾರೋ ಇದ್ದಾರೆ. ಕೆಮ್ಮಿದರು.

*

ಮೇ 28. ಹೊರಗಿನಿಂದ

ಕೆಮ್ಮಿದ್ದು ಕೆಳಗಿನ ಮಹಡಿಯ ಮುದುಕರು. ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದಾರೆ. ಆ ಕೆಮ್ಮು ನಿಜ ಅಕ್ಕಾ. ನನಗೂ ಕೇಳಿಸಿತು.

*

ಮೇ 28. ಒಳಗಿನಿಂದ

ಗೋಡೆಯೊಳಗೆ ಎಣಿಸುವುದು?

*

ಮೇ 28. ಹೊರಗಿನಿಂದ

ಗೋಡೆಗೆ ಕಿವಿಯಿಟ್ಟು ಕೇಳಿದೆ. ನನಗೆ ಕೇಳಿಸಲಿಲ್ಲ. ಸುಳ್ಳು ಹೇಳುವುದಿಲ್ಲ. ನಿನಗೆ ಕೇಳಿಸುತ್ತಿದೆ ಎಂಬುದನ್ನು ಮಾತ್ರ ಪೂರ್ತಿ ನಂಬುತ್ತೇನೆ. ಅದು ಎಷ್ಟು ದಣಿಸುತ್ತದೆ ಎಂಬುದೂ ಗೊತ್ತು.

*

ಮೇ 28. ಹೊರಗಿನಿಂದ

ನೀನು ಬರೆದು ತುಂಬ ಹೊತ್ತಾಯಿತು. ಬಿಸಿಲು ಈಗ ಮೆಟ್ಟಿಲಿನಿಂದ ಇಳಿದು ಹೋಯಿತು. ಮುದುಕರು ಮೇಲೆ ಬಂದು "ಯಾರಪ್ಪಾ ನೀನು, ಬೆಳಗಿಂದ ಕೂತಿದೀಯ?" ಎಂದು ಕೇಳಿದರು. "ಈ ಮನೆಯವರ ತಮ್ಮ" ಅಂದೆ. "ಅಕ್ಕ ಇಲ್ವಾ?" ಅಂದರು. "ಇದಾರೆ" ಅಂದೆ. ಅವರು ತಲೆಯಾಡಿಸಿ ಇಳಿದು ಹೋದರು.

ಇಲ್ಲೇ ಇದ್ದೇನೆ.

*

ಮೇ 28. ಒಳಗಿನಿಂದ

ಬೆಳಗಿನಿಂದ ನೀನು ಏನೂ ತಿಂದಿಲ್ಲ. ತಿಂದೆ ಎಂದು ಬರೆಯಬೇಡ, ನೀನು ಎದ್ದು ಹೋದ ಸದ್ದು ಆಗಿಲ್ಲ, ನಾನು ಕೇಳಿಸಿಕೊಳ್ಳುತ್ತಲೇ ಇದ್ದೇನೆ.

ನನ್ನ ಹತ್ತಿರ ಬ್ರೆಡ್ ಇದೆ. ಅದಕ್ಕೆ ಏನೋ ಬೆರೆಸಿದ್ದಾರೆ ಎಂಬ ಅನುಮಾನ, ಅದಕ್ಕೇ ನಾನೂ ಮುಟ್ಟಿಲ್ಲ. ನೀನು ಮೊದಲು ತಿಂದು ನೋಡುತ್ತೇನೆ ಅನ್ನಬಾರದು. ಅದಕ್ಕೆ ನಾನು ಒಪ್ಪುವುದಿಲ್ಲ. ತಿಂದರೆ ಇಬ್ಬರೂ ಒಟ್ಟಿಗೆ ತಿನ್ನಬೇಕು.

ಚಿಲಕ ತೆಗೆಯುತ್ತಿದ್ದೇನೆ. ಮೇಜು ಸರಿಸಲು ಸ್ವಲ್ಪ ಹೊತ್ತು ಬೇಕು, ಭಾರವಿದೆ. ನೀನು ಆ ಕಡೆಯಿಂದ ತಳ್ಳು. ಮೆಲ್ಲಗೆ.